ಇಂಗ್ಲಿಷರು, ಜರ್ಮನರು ಮತ್ತು ನಮ್ಮ ಒಂದು ತಪ್ಪು

ಹೋದ ಸಂಚಿಕೆಯಲ್ಲಿ ಮೊದಲ ಮಹಾಯುದ್ಧದ ಚಿತ್ರವೊಂದರ ಕೆಳಗೆ ‘ಹುಟ್ಟು ವೈರಿಗಳಾದ ಇಂಗ್ಲಿಷರು ಮತ್ತು ಜರ್ಮನರು’ ಎಂದು ಅಚ್ಚು ಹಾಕಿದ್ದೆವು. ಅದನ್ನು ಓದಿ ಸಾಗರದ ನಿವೃತ್ತ ಇತಿಹಾಸ ಮೇಷ್ಟ್ರೊಬ್ಬರು ಸಿಟ್ಟಾಗಿ ಪತ್ರ ಬರೆದಿದ್ದಾರೆ. ‘ಹುಟ್ಟು ವೈರಿಗಳಾಗಿದ್ದರೆ ಜರ್ಮನಿಯ ಕಿಟೆಲ್ ಬ್ರಿಟಿಷರ ಆಳ್ವಿಕೆಯಲ್ಲಿ ಇದ್ದುಕೊಂಡು ಕನ್ನಡ–ಇಂಗ್ಲಿಷ್ ನಿಘಂಟು ಮಾಡಲು ಆಗುತ್ತಿತ್ತೇ?’ ಎಂದು ಕೇಳಿದ್ದಾರೆ. ಕೊನೆಯಲ್ಲಿ ಒಂದು ಸಣ್ಣ ಪ್ರಶ್ನೆಯೂ ಇದೆ. ಮೊಮ್ಮಗ ಓದಲು ಜರ್ಮನಿಗೆ ಹೊರಟಿದ್ದಾನೆ. ಇಂಗ್ಲಿಷ್ ಬಂದರೆ ಜರ್ಮನ್ ಸುಲಭ ಅನ್ನುತ್ತಾನೆ. ಅದು ನಿಜವೇ?

ಮೇಷ್ಟ್ರೇ, ತಪ್ಪು ನಮ್ಮದೇ. ಚಿತ್ರದ ಕೆಳಗೆ ಅರ್ಧ ಸಾಲು ಖಾಲಿ ಇತ್ತು, ಸುಮ್ನೆ ಒಂದು ಮಾತು ತುಂಬಿದೆವು. ‘ದಾಯಾದಿಗಳು’ ಎಂದಿದ್ದರೆ ಸರಿಯಾಗಿರುತ್ತಿತ್ತು. ದಾಯಾದಿ ಅಂದರೆ ಬರೀ ನೆಂಟನಲ್ಲ, ಆಸ್ತಿಯಲ್ಲಿ ಪಾಲು ಇರುವವನು. ಜಗಳ ಬರುವುದೂ ಅಲ್ಲಿಯೇ.

ಕಿಟೆಲ್ ಅವರಿಂದಲೇ ಶುರು ಮಾಡೋಣ. ಅವರು ಹುಟ್ಟಿದ್ದು 1832ರಲ್ಲಿ, ಜರ್ಮನಿಯ ಉತ್ತರ ಕರಾವಳಿಯ ಪೂರ್ವ ಫ್ರೀಸಿಯಾ ಸೀಮೆಯ ರೆಸ್ಟರ್‌ಹಾಫೆ ಎಂಬ ಊರಲ್ಲಿ. ಆಗ ಆ ಸೀಮೆ ಹ್ಯಾನೋವರ್ ರಾಜ್ಯಕ್ಕೆ ಸೇರಿತ್ತು. ಹ್ಯಾನೋವರಿನ ರಾಜ ಯಾರು ಗೊತ್ತೇ? ನಾಲ್ಕನೇ ವಿಲಿಯಂ. ಲಂಡನ್ನಿನ ಸಿಂಹಾಸನದ ಮೇಲೆ ಕೂತಿದ್ದವನೂ ಅವನೇ! ಅಂದರೆ ನಮ್ಮ ಕಿಟೆಲ್ ತೊಟ್ಟಿಲಲ್ಲಿದ್ದಾಗ ಅವರ ರಾಜ, ಇಂಗ್ಲೆಂಡಿನ ರಾಜ ಇಬ್ಬರೂ ಒಬ್ಬನೇ ಮನುಷ್ಯ. 1837ರಲ್ಲಿ ವಿಲಿಯಂ ತೀರಿಕೊಂಡ. ವಂಶದಲ್ಲಿ ಗಂಡಸರು ಇರುವಾಗ ಹೆಂಗಸು ಪಟ್ಟಕ್ಕೆ ಬರುವಂತಿಲ್ಲ ಎಂಬುದು ಹ್ಯಾನೋವರಿನ ಕಟ್ಟಳೆ. ಹಾಗಾಗಿ ಬ್ರಿಟನ್ ವಿಕ್ಟೋರಿಯಾಳಿಗೆ ಬಂತು, ಹ್ಯಾನೋವರ್ ಅವಳ ಚಿಕ್ಕಪ್ಪನಿಗೆ ಹೋಯಿತು. 123 ವರ್ಷ ಒಟ್ಟಿಗಿದ್ದ ಎರಡು ಕಿರೀಟಗಳು ಬೇರೆಯಾದವು.

ಆ 123 ವರ್ಷ ಶುರುವಾದದ್ದು 1714ರಲ್ಲಿ. ಬ್ರಿಟನ್ನಿನ ಆನ್ ರಾಣಿಗೆ ಮಕ್ಕಳು ಉಳಿಯಲಿಲ್ಲ. ಕ್ಯಾಥೊಲಿಕ್ಕರು ಪಟ್ಟಕ್ಕೆ ಬರಬಾರದು ಎಂದು ಪಾರ್ಲಿಮೆಂಟು 1701ರಲ್ಲೇ ಕಾನೂನು ಮಾಡಿಟ್ಟಿತ್ತು. ಹತ್ತಿರದ ಐವತ್ತಕ್ಕೂ ಹೆಚ್ಚು ನೆಂಟರನ್ನು ಬಿಟ್ಟು, ಹ್ಯಾನೋವರಿನಿಂದ ಜಾರ್ಜ್ ಎಂಬ 54 ವರ್ಷದ ಪ್ರೊಟೆಸ್ಟೆಂಟ್ ದೊರೆಯನ್ನು ಕರೆತಂದರು. ಅವನಿಗೆ ಇಂಗ್ಲಿಷ್ ಅಷ್ಟಕ್ಕಷ್ಟೇ. ಹ್ಯಾನೋವರಿನಲ್ಲಿ ಅವನ ಆಸ್ಥಾನದ ಸಂಗೀತಗಾರನಾಗಿದ್ದ ಹ್ಯಾಂಡೆಲ್ ಅವನಿಗಿಂತ ಮೊದಲೇ ಲಂಡನ್ ಸೇರಿಬಿಟ್ಟಿದ್ದ. 1727ರಲ್ಲಿ ಜಾರ್ಜನ ಮಗನ ಪಟ್ಟಾಭಿಷೇಕಕ್ಕೆ ಹ್ಯಾಂಡೆಲ್ ಮಾಡಿದ ಒಂದು ಗೀತೆಯನ್ನು ಅಲ್ಲಿಂದಾಚೆಗಿನ ಎಲ್ಲ ಪಟ್ಟಾಭಿಷೇಕಗಳಲ್ಲೂ ಹಾಡಿದ್ದಾರೆ, ಮೊನ್ನೆ 2023ರಲ್ಲಿ ಕೂಡ.

ಇನ್ನೂ ಹಿಂದಕ್ಕೆ ಹೋದರೆ ನಂಟು ಇನ್ನೂ ಗಟ್ಟಿ. ಜರ್ಮನಿಯ ಉತ್ತರ ತುದಿಯಲ್ಲಿ, ಡೆನ್ಮಾರ್ಕಿನ ಗಡಿಯ ಹತ್ತಿರ ಆಂಗೆಲ್ನ್ ಎಂಬ ಸೀಮೆ ಈಗಲೂ ಇದೆ. ಐದನೇ ಶತಮಾನದಲ್ಲಿ ಆಂಗಲ್‌ರು, ಸ್ಯಾಕ್ಸನ್ನರು, ಜೂಟರು ಆ ಕಡೆಯಿಂದ ದೋಣಿ ಹತ್ತಿ ಬ್ರಿಟನ್ನಿಗೆ ಬಂದರೆಂದು ಬೀಡ್ ಎಂಬ ಇಂಗ್ಲಿಷ್ ಸನ್ಯಾಸಿ 731ರಲ್ಲಿ ಬರೆದಿಟ್ಟಿದ್ದಾನೆ. ಆಂಗಲ್‌ರ ನಾಡು ಇಂಗ್ಲೆಂಡ್ ಆಯಿತು. ನಾವು ‘ಆಂಗ್ಲರು’ ಎನ್ನುವಾಗ ನಮಗೆ ತಿಳಿಯದೆಯೇ ಆ ಸೀಮೆಯ ಹೆಸರು ಹೇಳುತ್ತಿದ್ದೇವೆ. ಪಕ್ಕದ ವೇಲ್ಸಿನವರು ತಮ್ಮ ಭಾಷೆಯಲ್ಲಿ ಇಂಗ್ಲಿಷರನ್ನು ಇವತ್ತಿಗೂ ಸ್ಯಾಕ್ಸನ್ನರು ಎಂದೇ ಕರೆಯುತ್ತಾರೆ.

ಹೋದವರು ಹಳೆಯ ಊರನ್ನು ಮರೆಯಲಿಲ್ಲ. ಎಂಟನೇ ಶತಮಾನದಲ್ಲಿ ಬಾನಿಫೇಸ್ ಎಂಬ ಇಂಗ್ಲಿಷ್ ಪಾದ್ರಿ ಜರ್ಮನರಿಗೆ ಕ್ರೈಸ್ತ ಧರ್ಮ ಹೇಳಲು ಹೊರಟ. ಗುಡುಗಿನ ದೇವರಿಗೆ ಮೀಸಲಾಗಿದ್ದ ಓಕ್ ಮರವನ್ನು ಕಡಿದು ಹಾಕಿದ. (ನಮ್ಮ ಮಲೆನಾಡಿನ ದೇವರ ಕಾಡಿಗೆ ಯಾರಾದರೂ ಕೊಡಲಿ ತಂದರೆ ಹೇಗಿರುತ್ತಿತ್ತು, ಊಹಿಸಿ.) ಯುರೋಪಿನಲ್ಲಿ ಉಳಿದಿದ್ದ ಸ್ಯಾಕ್ಸನ್ನರಿಗಾಗಿ ಪ್ರಾರ್ಥನೆ ಮಾಡಿ ಎಂದು 738ರ ಸುಮಾರಿಗೆ ಇಂಗ್ಲೆಂಡಿನವರಿಗೆ ಪತ್ರವನ್ನೂ ಬರೆದ. ‘ನಾವು ಒಂದೇ ರಕ್ತ, ಒಂದೇ ಎಲುಬು’ ಎಂದು ಆ ಸ್ಯಾಕ್ಸನ್ನರೇ ಹೇಳುತ್ತಾರೆ ಎಂಬ ಮಾತು ಆ ಪತ್ರದಲ್ಲಿದೆ. ಬಿಟ್ಟು ಬಂದು ಮುನ್ನೂರು ವರ್ಷ ಆಗಿತ್ತು, ನೋಡಿ.

ಎಲುಬು ಎಂದಾಗ ನೆನಪಾಯಿತು. ಇಂಗ್ಲಿಷರ ಆಲ್ಫ್ರೆಡ್ ರಾಜನ ಮೊಮ್ಮಗಳು ಈಡಿತ್‌ಳನ್ನು ಸುಮಾರು 929ರಲ್ಲಿ ಜರ್ಮನ್ ರಾಜಕುಮಾರ ಆಟೊಗೆ ಮದುವೆ ಮಾಡಿಕೊಟ್ಟರು. ಆಮೇಲೆ ಚಕ್ರವರ್ತಿಯಾದ ಆಟೊ ಇವನೇ. ಈಡಿತ್ 946ರಲ್ಲಿ ತೀರಿಕೊಂಡಳು. ಮಾಗ್ಡೆಬುರ್ಗ್ ಚರ್ಚಿನಲ್ಲಿದ್ದ ಅವಳ ಸಮಾಧಿಯನ್ನು 2008ರಲ್ಲಿ ತೆರೆದಾಗ ಸೀಸದ ಪೆಟ್ಟಿಗೆಯೊಂದರಲ್ಲಿ ಎಲುಬುಗಳು ಸಿಕ್ಕವು. ಅವು ಅವಳವೇ ಎಂದು ಹೇಗೆ ಹೇಳುವುದು? ಹಲ್ಲುಗಳನ್ನು ಬ್ರಿಸ್ಟಲ್ಲಿಗೆ ಕಳಿಸಿದರು. ಚಿಕ್ಕಂದಿನಲ್ಲಿ ಕುಡಿದ ನೀರಿನ ಗುರುತು ಹಲ್ಲಿನ ಹೊರಪದರದಲ್ಲಿ ಉಳಿದಿರುತ್ತದೆ. ಆ ಗುರುತು ದಕ್ಷಿಣ ಇಂಗ್ಲೆಂಡಿನ ಸುಣ್ಣಕಲ್ಲಿನ ಸೀಮೆಗೆ ಹೊಂದಿತು. ಸಾವಿರ ವರ್ಷದ ಮೇಲೂ ತವರಿನ ನೀರು ಸಾಕ್ಷಿ ಹೇಳಿತು.

ಹಾಗಾದರೆ ವೈರ ಯಾವಾಗ ಬಂತು? ತೀರಾ ಈಚೆಗೆ. 1815ರಲ್ಲಿ ವಾಟರ್ಲೂ ಬಯಲಿನಲ್ಲಿ ಬ್ರಿಟಿಷ್ ಸೇನಾಪತಿ ವೆಲಿಂಗ್ಟನ್ನನ ಕಡೆಗೆ ಪ್ರಷ್ಯ ಎಂಬ ಜರ್ಮನ್ ರಾಜ್ಯದ ಸೇನಾಪತಿ ಬ್ಲೂಖರ್ ಸಂಜೆ ಹೊತ್ತಿಗೆ ಬಂದು ಸೇರದಿದ್ದರೆ ನೆಪೋಲಿಯನ್ ಕಥೆ ಬೇರೆಯೇ ಆಗುತ್ತಿತ್ತು. ಆಗ ಜರ್ಮನಿ ಎಂಬ ಒಂದೇ ದೇಶ ಇರಲಿಲ್ಲ. 1871ರಲ್ಲಿ ಅದು ಒಂದಾಯಿತು. ಕಾರ್ಖಾನೆ ಬೆಳೆಯಿತು, 1898ರಿಂದ ದೊಡ್ಡ ನೌಕಾಪಡೆ ಕಟ್ಟತೊಡಗಿತು. ಸಮುದ್ರ ತನ್ನ ಪಾಲು ಎಂದುಕೊಂಡಿದ್ದ ಬ್ರಿಟನ್ನಿಗೆ ಎದೆಯುರಿ ಶುರುವಾಯಿತು. ದಾಯಾದಿ ಮತ್ಸರ ಅಂದರೆ ಇದೇ ಅಲ್ವಾ? ಕೈಸರ್ ವಿಲ್‌ಹೆಲ್ಮ್, ಅಂದರೆ ಜರ್ಮನಿಯ ಚಕ್ರವರ್ತಿ, ವಿಕ್ಟೋರಿಯಾಳ ಮೊದಲ ಮೊಮ್ಮಗ. 1901ರಲ್ಲಿ ಅಜ್ಜಿ ಕೊನೆಯುಸಿರೆಳೆಯುವಾಗ ಪಕ್ಕದಲ್ಲೇ ಇದ್ದ. ಹದಿಮೂರು ವರ್ಷದ ಮೇಲೆ ಅವನ ಸೈನ್ಯ, ಅದೇ ಅಜ್ಜಿಯ ಇನ್ನೊಬ್ಬ ಮೊಮ್ಮಗ ಐದನೇ ಜಾರ್ಜನ ಸೈನ್ಯ ಎದುರುಬದುರು ನಿಂತವು.

ಆ ಯುದ್ಧದಲ್ಲಿ ಬ್ರಿಟಿಷ್ ಅರಮನೆಗೆ ತನ್ನ ಹೆಸರೇ ಮುಜುಗರವಾಯಿತು. ವಿಕ್ಟೋರಿಯಾಳ ಗಂಡ ಆಲ್ಬರ್ಟ್ ಜರ್ಮನಿಯವನು. ಹಾಗಾಗಿ ಮನೆತನದ ಹೆಸರು ಸ್ಯಾಕ್ಸ್–ಕೋಬರ್ಗ್–ಗೋಥಾ. 1917ರ ಜೂನ್ ತಿಂಗಳಲ್ಲಿ ಲಂಡನ್ನಿನ ಮೇಲೆ ಬಾಂಬು ಹಾಕಿದ ಜರ್ಮನ್ ವಿಮಾನಗಳ ಹೆಸರೂ ಗೋಥಾ! ಜುಲೈ 17ಕ್ಕೆ ರಾಜಮನೆತನ ‘ವಿಂಡ್ಸರ್’ ಆಯಿತು. ಅರಮನೆಯ ನೆಂಟರಾದ ಬ್ಯಾಟನ್‌ಬರ್ಗ್‌ನವರು ಮೌಂಟ್‌ಬ್ಯಾಟನ್ ಆದರು. ನಮ್ಮ ಕೊನೆಯ ವೈಸರಾಯ್ ಆ ಮನೆಯ ಮಗ.

ಇದರ ಬಿಸಿ ನಮಗೂ ತಟ್ಟಿತು. 1914ರ ಸೆಪ್ಟೆಂಬರ್ 22ರ ರಾತ್ರಿ ಮದರಾಸಿನ ಎಣ್ಣೆ ಟ್ಯಾಂಕುಗಳಿಗೆ ಗುಂಡು ಹಾರಿಸಿದ ಜರ್ಮನ್ ಹಡಗು ಎಂಡೆನ್. ಎಂಡೆನ್ ಎಂಬುದು ಕಿಟೆಲ್ ಹುಟ್ಟಿದ ಅದೇ ಪೂರ್ವ ಫ್ರೀಸಿಯಾದ ಬಂದರು. ಕಿಟೆಲ್ ನಿಘಂಟನ್ನು 1894ರಲ್ಲಿ ಅಚ್ಚು ಮಾಡಿದ್ದ ಬಾಸೆಲ್ ಮಿಷನ್ನಿನ ಜರ್ಮನ್ ಪಾದ್ರಿಗಳನ್ನು ಬ್ರಿಟಿಷರು ಹಿಡಿದು ಬಂಧನ ಶಿಬಿರಕ್ಕೆ ಹಾಕಿದರು. ಮಿಷನ್ನಿನ ಹೆಂಚಿನ ಕಾರ್ಖಾನೆಗಳು ಅವರ ಕೈಬಿಟ್ಟವು. ಕಿಟೆಲ್ 1903ರಲ್ಲೇ ತೀರಿಕೊಂಡಿದ್ದರು. ಇದನ್ನೆಲ್ಲ ನೋಡಲಿಲ್ಲ, ಒಳ್ಳೆಯದೇ ಆಯಿತು.

ಒಂದು ಎಚ್ಚರಿಕೆ ಮಾತ್ರ ಹೇಳುತ್ತೇನೆ. ‘ಒಂದೇ ರಕ್ತ’ ಎಂಬ ಮಾತನ್ನು ಜಾಸ್ತಿ ಎಳೆಯಬಾರದು. ಇಂಗ್ಲಿಷರಲ್ಲಿ ಮೊದಲಿನಿಂದ ಅಲ್ಲಿದ್ದ ಬ್ರಿಟನ್ನರು, ಆಮೇಲೆ ಬಂದ ಡೇನರು, 1066ರಲ್ಲಿ ಗೆದ್ದು ಕೂತ ನಾರ್ಮನ್ನರು ಎಲ್ಲರೂ ಬೆರೆತಿದ್ದಾರೆ. ರಕ್ತದ ಮಾತನ್ನೇ ಹಿಡಿದುಕೊಂಡು ಹೋದವರು ಇಪ್ಪತ್ತನೇ ಶತಮಾನದಲ್ಲಿ ಏನು ಮಾಡಿದರು ಎಂದು ನಿಮಗೆ ಹೇಳಬೇಕಿಲ್ಲ.

ಇನ್ನು ಮೊಮ್ಮಗನ ವಿಷಯ. ಅವನು ಹೇಳಿದ್ದು ಅರ್ಧ ನಿಜ. ಇಂಗ್ಲಿಷಿನ ವಾಟರ್ ಜರ್ಮನ್ನಿನಲ್ಲಿ ವಾಸ್ಸರ್, ಶಿಪ್ ಎಂಬುದು ಶಿಫ್, ಮೇಕ್ ಎಂಬುದು ಮಾಖೆನ್. ದಕ್ಷಿಣ ಜರ್ಮನಿಯಲ್ಲಿ ಹಿಂದೊಮ್ಮೆ ಪ, ಟ, ಕ ಉಚ್ಚಾರ ಜಾರಿತು. ಉತ್ತರದ ಕರಾವಳಿಯ ಆಡುಮಾತು ಜಾರಲಿಲ್ಲ. ಅಲ್ಲಿ ನೀರಿಗೆ ಈಗಲೂ ವಾಟರ್. ನಮ್ಮಲ್ಲೂ ಹೀಗೇ ತಾನೇ ಆದದ್ದು? ಹಳಗನ್ನಡದ ಪಾಲು ಹಾಲಾಯಿತು, ಪುಲಿ ಹುಲಿಯಾಯಿತು. ತುಳುವಿನಲ್ಲಿ ಅದು ಇನ್ನೂ ಪಿಲಿ.

ಆದರೆ ವ್ಯಾಕರಣದಲ್ಲಿ ಇಂಗ್ಲಿಷ್ ಅವನಿಗೆ ಕೈಕೊಡುತ್ತದೆ. ಜರ್ಮನ್ನಿನಲ್ಲಿ ಚಮಚ ಪುಲ್ಲಿಂಗ, ಮುಳ್ಳುಚಮಚ ಸ್ತ್ರೀಲಿಂಗ, ಚಾಕು ನಪುಂಸಕ. ಅದನ್ನು ಬಾಯಿಪಾಠ ಮಾಡದೆ ಗತಿಯಿಲ್ಲ. ಇನ್ನು ‘ಯಾಕಂದರೆ’ ಎಂದು ಶುರುವಾಗುವ ಮಾತಿನಲ್ಲಿ ಕ್ರಿಯಾಪದ ಕೊನೆಗೆ ಹೋಗುತ್ತದೆ. ಇಂಗ್ಲಿಷ್ ಮಾತಾಡುವವರು ಇಲ್ಲಿ ತಡವರಿಸುತ್ತಾರೆ. ನಿಮ್ಮ ಮೊಮ್ಮಗ ಇದನ್ನು ಕನ್ನಡದಲ್ಲಿ ಯೋಚಿಸಲಿ. ವೈಲ್ ಇಷ್ ವಾಸ್ಸರ್ ಟ್ರಿಂಕೆ: ಯಾಕಂದರೆ, ನಾನು, ನೀರು, ಕುಡಿಯುತ್ತೇನೆ. ಒಂದು ಪದವನ್ನೂ ಆಚೀಚೆ ಸರಿಸಬೇಕಿಲ್ಲ.

— ಸಂಪಾದಕ