ಕಲ್ಪನಾಲೋಕಕ್ಕೊಂದು ಪಂಚಾಂಗ

ಪ್ರಶ್ನೆ: ನಾನು ಬರೆಯುತ್ತಿರುವ ಕಾದಂಬರಿಯ ಕಲ್ಪಿತ ಲೋಕದಲ್ಲಿ ವರ್ಷಕ್ಕೆ 400 ದಿನ, ಅಮಾವಾಸ್ಯೆಯಿಂದ ಅಮಾವಾಸ್ಯೆಗೆ 26 ದಿನ. ಹದಿನೈದು ತಿಂಗಳಿಗೆ 390 ದಿನಗಳಷ್ಟೇ ಆಗುತ್ತವೆ. ಉಳಿದ ಹತ್ತು ದಿನಗಳನ್ನು ವರ್ಷದ ಕೊನೆಗೆ ಸೇರಿಸಬಹುದೇ?
– ಓದುಗರೊಬ್ಬರು, ಧಾರವಾಡ

ಉತ್ತರ: ದಯವಿಟ್ಟು ಹಾಗೆ ಸೇರಿಸಬೇಡಿ. ಸೇರಿಸಿದರೆ ಮರುವರ್ಷದ ಮೊದಲ ದಿನವೇ ಚಂದ್ರ ಹತ್ತು ದಿನ ಬೆಳೆದಿರುತ್ತಾನೆ. ಅಂಗಳಕ್ಕೆ ಬಂದು ತಲೆಯೆತ್ತಿ ನೋಡಿ ‘ಇಂದು ಹುಣ್ಣಿಮೆ, ಅಂದರೆ ತಿಂಗಳ ಹದಿಮೂರನೆಯ ದಿನ’ ಎಂದು ಹೇಳಬಲ್ಲ ನಿಮ್ಮ ಅಜ್ಜಿಯ ಪಾತ್ರಕ್ಕೆ ಆ ಸುಖವೇ ತಪ್ಪಿಹೋಗುತ್ತದೆ.

ನಮ್ಮ ಚಾಂದ್ರಮಾನದಲ್ಲೂ ಇದೇ ತೊಡಕಿದೆ. ಸುಮಾರು 29.53 ದಿನಗಳ ಹನ್ನೆರಡು ತಿಂಗಳು ಸೇರಿ 354 ದಿನಗಳಾಗಿ, ಸೌರವರ್ಷಕ್ಕೆ ಹನ್ನೊಂದು ದಿನ ಕಡಿಮೆ ಬೀಳುವುದರಿಂದ, ಸಂಕ್ರಾಂತಿಯೇ (ಸೂರ್ಯ ಒಂದು ರಾಶಿಯಿಂದ ಮುಂದಿನ ರಾಶಿಗೆ ದಾಟುವುದೇ) ಬಾರದ ಚಾಂದ್ರಮಾಸವನ್ನು ಅಧಿಕಮಾಸವೆಂದು ಎಣಿಸುತ್ತೇವೆ. 2023ರಲ್ಲಿ ಅಧಿಕ ಶ್ರಾವಣ ಬಂದದ್ದು ಹೀಗೆಯೇ. ಹಿಜರಿ ಪದ್ಧತಿಯಲ್ಲಿ ಅಧಿಕಮಾಸವಿಲ್ಲ, ಆದ್ದರಿಂದ ರಂಜಾನ್ ಸುಮಾರು 33 ವರ್ಷಗಳಲ್ಲಿ ಎಲ್ಲ ಋತುಗಳನ್ನೂ ಸುತ್ತಿ ಬರುತ್ತದೆ.

ನಿಮ್ಮ ಲೆಕ್ಕವಂತೂ ಬಹಳ ಸೊಗಸಾಗಿದೆ: 13 ವರ್ಷಗಳ 5,200 ದಿನಗಳಲ್ಲಿ ಸರಿಯಾಗಿ 200 ತಿಂಗಳುಗಳಿವೆ, ಅಂದರೆ 195 ನಿಜಮಾಸ, ಐದು ಅಧಿಕಮಾಸ. ಸೂರ್ಯನ ಹಾದಿಯನ್ನು ಹದಿನೈದು ಮನೆಗಳಾಗಿ ಹಂಚಿ, ಸೂರ್ಯ ಮನೆ ಬದಲಿಸದ ತಿಂಗಳನ್ನು ಅಧಿಕವೆನ್ನಿ. ಅಧಿಕಮಾಸವನ್ನೇ ಬಿಟ್ಟರೆ ಇಪ್ಪತ್ತು ವರ್ಷಗಳಲ್ಲಿ ಹಬ್ಬಗಳು 200 ದಿನ ಹಿಂದೆ ಸರಿದು, ಸುಗ್ಗಿಯ ಹಬ್ಬ ಬರುವ ಹೊತ್ತಿಗೆ ನಿಮ್ಮ ರೈತರ ಕಣಜ ಬರಿದಾಗಿರುತ್ತದೆ. ನಮ್ಮಲ್ಲಿ ಅಧಿಕಮಾಸದಲ್ಲಿ ಮದುವೆ, ಗೃಹಪ್ರವೇಶ ಮಾಡುವುದಿಲ್ಲ. ನಿಮ್ಮ ಜನ ಆ ತಿಂಗಳಲ್ಲಿ ಏನನ್ನು ನಿಲ್ಲಿಸುತ್ತಾರೆ ಎಂಬುದನ್ನು ಮೊದಲ ಅಧ್ಯಾಯದೊಳಗೇ ತೀರ್ಮಾನಿಸಿ.