ಅರವತ್ತರ ದಶಕದ ಕನ್ನಡ ಹಿಟ್ ಹಾಡುಗಳ ಸಂಗ್ರಹ ಕೊಳ್ಳುವಾಗ ಏನು ನೋಡಬೇಕು?

ನಿಮ್ಮ ತಂದೆಯವರ ಕಿವಿ ಚೆನ್ನಾಗಿಯೇ ಇದೆ, ಅನುಮಾನ ಬೇಡ. ನೀವು ತಂದುಕೊಟ್ಟ ಸಿ.ಡಿ. ಕೇಳಿ "ಇದು ಪಿ.ಬಿ. ಶ್ರೀನಿವಾಸ್ ದನಿಯೇ ಅಲ್ಲ" ಅಂದರು ಅಂತ ಬರೆದಿದ್ದೀರಿ. ಅದು ಬೇರೆಯವರಿಂದ ಮತ್ತೆ ಹಾಡಿಸಿದ ಕವರ್ ವರ್ಷನ್ ಇರಬೇಕು. ಕ್ಯಾಸೆಟ್ ಕಾಲದಲ್ಲಿ ಇಂಥವು ರಾಶಿ ರಾಶಿ ಬಂದವು. ಮೂಲ ರೆಕಾರ್ಡಿಂಗ್ ಹೊರಬಂದು ಎರಡು ವರ್ಷ ಕಳೆದರೆ, ರಾಯಲ್ಟಿ ಕಟ್ಟಿ ಅದೇ ಹಾಡನ್ನು ಹೊಸದಾಗಿ ಹಾಡಿಸಿ ಮಾರಲು ಆಗಿನ ಕಾಪಿರೈಟ್ ಕಾಯ್ದೆಯಲ್ಲಿ ದಾರಿ ಇತ್ತು. 2012ರ ತಿದ್ದುಪಡಿಯಲ್ಲಿ ಇದು ಐದು ವರ್ಷ ಆಯಿತು. ಕವರ್ ವರ್ಷನ್ ಅಂತ ಮೇಲೆ ಬರೆಯಲೇಬೇಕು, ಮೂಲ ಗಾಯಕರ ಹೆಸರು ಹಾಕುವ ಹಾಗಿಲ್ಲ ಅಂತಲೂ ಆಯಿತು. ಅದಕ್ಕೂ ಮೊದಲಿನ ಮಾಲು ಇನ್ನೂ ಅಂಗಡಿಗಳಲ್ಲಿ ಸಿಗುತ್ತದೆ.

ಕೊಳ್ಳುವ ಮುಂಚೆ ಹಿಂಬದಿ ನೋಡಿ. ಪ್ರತಿ ಹಾಡಿನ ಎದುರು ಸಿನಿಮಾ, ಗಾಯಕರು, ಸಂಗೀತ ನಿರ್ದೇಶಕರ ಹೆಸರು ಇರಬೇಕು. ಸುಮ್ನೆ ಹಾಡಿನ ಮೊದಲ ಸಾಲು ಮಾತ್ರ ಇದ್ದರೆ ನಾನಂತೂ ಮುಟ್ಟುವುದಿಲ್ಲ.

ಆನ್‌ಲೈನ್‌ನಲ್ಲಾದರೆ ಇಯರ್‌ಫೋನ್ ಹಾಕಿಕೊಂಡು ಶುರುವಿನ ಸಂಗೀತ ಕೇಳಿ. ಆ ಕಾಲದ ನಮ್ಮ ಹಾಡುಗಳು ಜಾಸ್ತಿ ರೆಕಾರ್ಡ್ ಆಗಿದ್ದು ಮದ್ರಾಸಿನಲ್ಲಿ. ಗಾಯಕರು, ವಾದ್ಯದವರು ಎಲ್ಲ ಒಟ್ಟಿಗೆ ಹಾಡಿ ನುಡಿಸಿದ ಮೋನೋ ರೆಕಾರ್ಡಿಂಗ್ ಅವು, ಅಂದರೆ ಎರಡು ಕಿವಿಗೂ ಒಂದೇ ಥರ ಕೇಳಿಸುತ್ತವೆ. ದನಿ ಮುಂದೆ ನಿಂತಿರುತ್ತದೆ, ವಯಲಿನ್ನುಗಳು ಒಂದೇ ಗುಂಪಾಗಿ ಹಿಂದೆ ಇರುತ್ತವೆ. ತಬಲಾ ಒಂದು ಕಿವಿಗೆ, ಕೀಬೋರ್ಡ್ ಇನ್ನೊಂದು ಕಿವಿಗೆ ಚೊಕ್ಕವಾಗಿ ಬಂದರೆ ಅದು ಆಮೇಲೆ ಮಾಡಿದ್ದು.

ಇನ್ನು ಒಂದು ಮಾತು, ನನಗೆ ಇದೇ ಮುಖ್ಯ. ಸುಮಾರು ಸಂಗ್ರಹಗಳು ನಾಯಕನ ಹೆಸರಲ್ಲಿ ಬರುತ್ತವೆ. ‘ರಾಜ್‌ಕುಮಾರ್ ಹಿಟ್ಸ್’ ಅಂತ ಕೊಂಡರೆ ಅರ್ಧಕ್ಕರ್ಧ ಎಪ್ಪತ್ತು, ಎಂಬತ್ತರ ದಶಕದ ಹಾಡುಗಳೇ ತುಂಬಿರುತ್ತವೆ. 1974ರ ‘ಸಂಪತ್ತಿಗೆ ಸವಾಲ್’ ನಂತರ ಅಣ್ಣಾವ್ರೇ ತಮ್ಮ ಹಾಡು ಹಾಡತೊಡಗಿದರು. ಅರವತ್ತರ ದಶಕದಲ್ಲಿ ಅವರಿಗೆ ದನಿಯಾದವರು ಹೆಚ್ಚಾಗಿ ಪಿ.ಬಿ.ಎಸ್. ‘ಕನ್ಯಾರತ್ನ’ದ (1963) ‘ಬಿಂಕದ ಸಿಂಗಾರಿ’, ‘ನಾಂದಿ’ಯ (1964) ‘ಹಾಡೊಂದ ಹಾಡುವೆ’ ಎರಡೂ ಅವರದೇ.

ನಾಯಕನ ಹೆಸರಿನ ಸಂಗ್ರಹದಲ್ಲಿ ಹೆಣ್ಣುದನಿಯ ಹಾಡುಗಳು ಬಿಟ್ಟುಹೋಗುತ್ತವೆ. ಇದು ನನಗೆ ನಿಜವಾಗಿಯೂ ಬೇಸರದ ವಿಷಯ. ಎಸ್. ಜಾನಕಿ ಹಾಡಿದ ಬೇಂದ್ರೆಯವರ ‘ಯುಗ ಯುಗಾದಿ ಕಳೆದರೂ’ (‘ಕುಲವಧು’, 1963), ‘ಮೂಡಲ ಮನೆಯ’ (‘ಬೆಳ್ಳಿಮೋಡ’, 1967) ಇಲ್ಲದೆ ಅದೆಂಥ ಅರವತ್ತರ ದಶಕ? ಲತಾ ಮಂಗೇಶ್ಕರ್ ಕನ್ನಡದಲ್ಲಿ ಹಾಡಿದ ‘ಬೆಳ್ಳನೆ ಬೆಳಗಾಯಿತು’ ಕೂಡ 1967ರದ್ದೇ, ‘ಕ್ರಾಂತಿವೀರ ಸಂಗೊಳ್ಳಿ ರಾಯಣ್ಣ’ ಚಿತ್ರದ್ದು.

ಹಾಗಾಗಿ ನನ್ನ ಸಲಹೆ, ಸಂಗೀತ ನಿರ್ದೇಶಕರ ಹೆಸರಲ್ಲಿ ಹುಡುಕಿ. ಜಿ.ಕೆ. ವೆಂಕಟೇಶ್, ವಿಜಯಭಾಸ್ಕರ್, ಎಂ. ರಂಗರಾವ್ ಈ ಮೂವರ ಸಂಗ್ರಹ ಸಿಕ್ಕರೆ ಗಂಡುದನಿ, ಹೆಣ್ಣುದನಿ, ಯುಗಳಗೀತೆ ಎಲ್ಲ ಬರುತ್ತದೆ. ಎಸ್.ಪಿ. ಬಾಲಸುಬ್ರಹ್ಮಣ್ಯಂ ಕನ್ನಡಕ್ಕೆ ಬಂದ ಹಾಡು ‘ಕನಸಿದೋ ನನಸಿದೋ’ (1967) ರಂಗರಾವ್ ಅವರದೇ.

ಇನ್ನೊಂದು ವಿಷಯ. ಮೂಲ ಹಾಡೇ ಸಿಕ್ಕಿದರೂ ತಂದೆಯವರು "ಇನ್ನೊಂದು ಚರಣ ಇತ್ತಲ್ಲ" ಅನ್ನಬಹುದು. ಆಗಿನ 78 ಆರ್‌ಪಿಎಂ ಗ್ರಾಮಫೋನ್ ತಟ್ಟೆಯ ಒಂದು ಬದಿಗೆ ಹಿಡಿಯುತ್ತಿದ್ದದ್ದು ಮೂರು ನಿಮಿಷದ ಆಸುಪಾಸು. ಸಿನಿಮಾದಲ್ಲಿ ಉದ್ದ ಇದ್ದ ಹಾಡನ್ನು ತಟ್ಟೆಗೆ ಮೊಟಕು ಮಾಡುವುದು ಆಗ ಇತ್ತು. ಅಂಥ ಚರಣ ಬೇಕಿದ್ದರೆ ಸಿನಿಮಾವನ್ನೇ ನೋಡಬೇಕು.

ಅವರಿಗೆ ಇಷ್ಟವಾದ ನಾಲ್ಕೈದು ಹಾಡು ಯಾವುವು ಅಂತ ಕೇಳಿ ಇಲ್ಲಿ ಬರೆಯಿರಿ. ಯಾವ ಸಿನಿಮಾ, ಯಾರ ದನಿ ಅಂತ ನನಗೆ ಗೊತ್ತಿರುವಷ್ಟು ಹೇಳುತ್ತೇನೆ.