ಹೇಯಿನ್ಸಾಗೆ ಹೋಗುವ ಮೊದಲು ಏನು ಓದಲಿ?

ಕೊರಿಯಾಗೆ ಹೋಗುತ್ತಿದ್ದೀರಿ, ಹಳೆಯ ರಾಜಧಾನಿ ಗ್ಯೊಂಗ್ಜು ನೋಡಿ ಹೇಯಿನ್ಸಾ ಬೌದ್ಧಮಠದಲ್ಲಿ ಉಳಿಯುತ್ತೀರಿ, ದಪ್ಪ ಇತಿಹಾಸ ಓದಲು ಸಮಯವಿಲ್ಲ, ಏನು ಓದಲಿ ಎಂದು ಕೇಳಿದ್ದೀರಿ ಅಲ್ವಾ?

ಹ್ಯೇಚೊ ಭಿಕ್ಷುವಿನ ಪ್ರವಾಸಕಥನದಿಂದ ಶುರು ಮಾಡಿ. ಇಂಗ್ಲಿಷ್ ಅನುವಾದ ಇದೆ. ಹಳೆಯ ಕೊರಿಯಾದ ಸಿಲ್ಲಾ ರಾಜ್ಯದ ಈ ಯುವಕ 8ನೇ ಶತಮಾನದಲ್ಲಿ ಬುದ್ಧನ ನೆಲ ನೋಡಲು ಭಾರತಕ್ಕೆ ಬಂದಿದ್ದ. ಹಸ್ತಪ್ರತಿ ಸಿಕ್ಕಿದ್ದು 1908ರಲ್ಲಿ, ಚೀನಾದ ದುನ್‌ಹುವಾಂಗ್ ಗುಹೆಯಲ್ಲಿ. ಮೊದಲೂ ಕೊನೆಯೂ ಕಳೆದುಹೋಗಿವೆ, ಹಾಗಾಗಿ ಒಂದೇ ಸಂಜೆಯಲ್ಲಿ ಓದಿ ಮುಗಿಸಬಹುದು. ದಕ್ಷಿಣ ಭಾರತಕ್ಕೂ ಬಂದಿದ್ದ. ಆಗ ನಮ್ಮ ಕಡೆ ಬಾದಾಮಿ ಚಾಲುಕ್ಯರ ಕಾಲ. ಅಲ್ಲಿ ಬೆಳದಿಂಗಳ ರಾತ್ರಿ ಊರಿನ ದಾರಿ ನೆನೆದು ಒಂದು ಪದ್ಯ ಬರೆಯುತ್ತಾನೆ. ಮೋಡದ ಕೈಲಿ ಕಾಗದ ಕಳಿಸೋಣವೆಂದರೆ ಗಾಳಿ ಕಾಯುವುದಿಲ್ಲ. ಮೇಘದೂತ ಗೊತ್ತಿರುವ ನಮಗೆ ಆ ಸಾಲು ಎಷ್ಟು ಹತ್ತಿರ ಅನಿಸುತ್ತದೆ! ಪದ್ಯದ ಕೊನೆಯಲ್ಲಿ ಅವನು ನೆನೆಯುವ ಗ್ಯೆರಿಮ್ ಕಾಡು ಗ್ಯೊಂಗ್ಜುನಲ್ಲೇ ಇದೆ. ತಪ್ಪದೆ ಹೋಗಿ.

ಆಮೇಲೆ 13ನೇ ಶತಮಾನದ ಭಿಕ್ಷು ಇರ್ಯೊನ್ ಸೇರಿಸಿಟ್ಟ 'ಸಮ್ಗುಕ್ ಯೂಸಾ', ಹಳೆಯ ಕೊರಿಯಾದ ಕಥೆ-ಐತಿಹ್ಯಗಳ ಸಂಗ್ರಹ. ಇಡೀ ಪುಸ್ತಕ ಬೇಡ. ಕಿಮ್ ದೇಸೊಂಗ್ ಈ ಜನ್ಮದ ತಂದೆತಾಯಿಗಾಗಿ ಬುಲ್ಗುಕ್ಸಾ ದೇವಾಲಯ, ಹಿಂದಿನ ಜನ್ಮದವರಿಗಾಗಿ ಸೊಕ್ಗುರಾಮ್ ಕಲ್ಲಿನ ಗುಹಾಲಯ ಕಟ್ಟಿಸಿದ ಕಥೆ ಓದಿದರೆ ಸಾಕು. ಎರಡೂ ಗ್ಯೊಂಗ್ಜುನಲ್ಲಿವೆ.

ಹೇಯಿನ್ಸಾ ಬಗ್ಗೆ ಜಾಸ್ತಿ ಓದುವುದೇನೂ ಬೇಡ. ಮಂಗೋಲರ ದಾಳಿಯ ನಡುವೆ ಕೆತ್ತಿದ 81,000ಕ್ಕೂ ಹೆಚ್ಚು ಮರದ ಅಚ್ಚುಹಲಗೆಗಳು ಅಲ್ಲಿವೆ, ಇಡೀ ಬೌದ್ಧ ಗ್ರಂಥರಾಶಿ. ಆ ಕಟ್ಟಡದ ಕಿಟಕಿಗಳನ್ನು ಗಮನಿಸಿ. ಮೇಲಿನ ಸಾಲು, ಕೆಳಗಿನ ಸಾಲು ಬೇರೆ ಬೇರೆ ಅಳತೆಯವು. ಗಾಳಿ ಒಳಗೆಲ್ಲ ಸುತ್ತಾಡಿ ಮರ ಒಣಗಿರಲೆಂದು ಹಾಗೆ ಮಾಡಿದ್ದಾರೆ.